ಮಚ್ಬೂಸ್ ಅನ್ನ, ಮಂಗಳೂರು ಮೀನು ಮತ್ತು ಹದಿನೈದು ದಿನದ ರಜೆ

ಕುವೈತ್‌ನಲ್ಲಿ ಜೂನ್ ಬಂದ ಮೇಲೆ ಹಗಲು ಹೊರಗೆ ಕಾಲಿಡುವಂತಿಲ್ಲ. ಒಳಗೇ ಕೂತ ಗಂಡಸು ಕನಸು ಕಾಣುತ್ತಾನೆ, ಹೆಂಗಸು ಹೊಸ ಅಡುಗೆ ಕಂಡುಹಿಡಿಯುತ್ತಾಳೆ. ನಮ್ಮ ಮನೆಯಲ್ಲಿ ಪ್ರತಿ ಬೇಸಿಗೆಯೂ ಇದರಿಂದ ಏನಾದರೊಂದು ಆಗುತ್ತದೆ. ಈ ಸಲದ್ದು ನನ್ನ ರಜೆಗೇ ಬಂದು ತಗುಲಿತು.

ಯೋಚನೆ

ಊರಲ್ಲಿ ಅಣ್ಣನ ಮಗಳ ಮದುವೆ. ಹದಿನೈದು ದಿನ ರಜೆ ಬೇಕಿತ್ತು. ಅರ್ಜಿ ಮೂರು ವಾರದಿಂದ ನಮ್ಮ ಕುವೈತಿ ಮ್ಯಾನೇಜರರ ಮೇಜಿನ ಮೇಲೆ ಮಲಗಿತ್ತು. ಕೇಳಿದಾಗಲೆಲ್ಲ "ಇನ್‌ಶಾಅಲ್ಲಾ" ಎನ್ನುತ್ತಿದ್ದರು. ಅಂದರೆ ವಿಷಯ ದೇವರ ಕೈಗೆ ಹೋಗಿದೆ, ಪೆನ್ನು ಮಾತ್ರ ಇವರ ಜೇಬಿನಲ್ಲಿದೆ.

"ಅವರನ್ನು ಶನಿವಾರ ಬ್ರಂಚ್‌ಗೆ ಕರೀರಿ" ಎಂದಳು ಹೆಂಡತಿ. "ಅವರ ಕಡೆಯ ಮಚ್ಬೂಸ್ ಅನ್ನ, ನಮ್ಮ ಮೀನು. ಕೆಳಗೆ ಒಣನಿಂಬೆ ಹಾಕಿದ ಅನ್ನ, ಮೇಲೆ ಮಂಗಳೂರು ಮಸಾಲೆಯ ಪಾಂಪ್ಲೆಟ್, ನಡುವೆ ತೆಂಗಿನ ಹಾಲು."

ಹೇಳುವಾಗ ಅವಳ ಕಣ್ಣು ಹನ್ನೊಂದನೇ ಮಹಡಿಯ ಕಿಟಕಿಯಾಚೆ, ಕಾಯಿಸಿದ ತುಪ್ಪದಂತೆ ಮಿನುಗುತ್ತಿದ್ದ ಕಡಲ ಮೇಲಿತ್ತು. ನೋಡುತ್ತ ನೋಡುತ್ತ ನಾವಿರುವ ಮಹಬೂಲಾದ ಕಡಲು ಉಳ್ಳಾಲದ ಕಡಲೊಳಗೆ ಕರಗಿದ ಹಾಗೆ ನನಗೂ ಕಂಡಿತು. ಮೆಲ್ಲಗೆ ಕೇಳಿದೆ, "ಈ ಅಡುಗೆಗೆ ಏನು ಹೆಸರಿಡೋಣ?"

"ಮೊದಲು ಈರುಳ್ಳಿ ಸುಲೀರಿ" ಎಂದಳು.

ಮೀನು ನೋಡುವ ಶಾಸ್ತ್ರ

ಮೀನು ಮಾರುಕಟ್ಟೆಯಲ್ಲಿ ಅವಳು ಒಂದು ಪಾಂಪ್ಲೆಟ್ಟಿನ ಕಿವಿರು ಎತ್ತಿ ನೋಡಿದಳು, ಹೊಟ್ಟೆ ಒತ್ತಿದಳು, ಕಣ್ಣಲ್ಲಿ ಕಣ್ಣಿಟ್ಟು ನಿಂತಳು. ಐಸಿನ ಹೊಗೆಯಲ್ಲಿ ಇಬ್ಬರೂ ಧ್ಯಾನಕ್ಕೆ ಕೂತಂತಿತ್ತು.

ಮೀನಿನವನು ನನ್ನ ಕಡೆ ತಿರುಗಿ, "ಭಾಯಿ, ಮೇಡಂ ಮೀನು ತಗೊಳ್ತಾರೋ, ಅಳಿಯನನ್ನು ಹುಡುಕ್ತಿದ್ದಾರೋ?" ಎಂದ.

"ನನ್ನನ್ನು ಒಪ್ಪೋವಾಗ ಇವಳು ಇಷ್ಟು ಹೊತ್ತು ತಗೊಂಡಿರಲಿಲ್ಲ" ಎಂದೆ.

ಹೆಂಡತಿ ಮುಂದಿನ ಮೀನಿನ ಕಿವಿರು ಎತ್ತುತ್ತ, "ಅದಕ್ಕೇ ಈಗ ಜಾಗ್ರತೆ" ಎಂದಳು.

ತವರಿನ ತೀರ್ಪು

ಶನಿವಾರ ಬೆಳಿಗ್ಗೆ ಒಣನಿಂಬೆಯ ಘಮ ಮನೆಯ ತುಂಬ ಹರಡಿತು. ಹೆಂಡತಿ ವಿಡಿಯೋ ಕಾಲ್ ಮಾಡಿ ಪಾತ್ರೆಯನ್ನು ತಾಯಿಗೆ ತೋರಿಸಿದಳು. ಅತ್ತೆ ಕನ್ನಡಕ ಏರಿಸಿಕೊಂಡು ಮಗಳನ್ನು ಕರೆದರು.

"ಬಾಯೇ, ಮೀನಿನ ಮೇಲೆ ಕಪ್ಪಗೆ ಕಾಣ್ತಿರೋದು ಏನು?"

"ಒಣದ್ರಾಕ್ಷಿ, ಮಮ್ಮಿ. ಇಲ್ಲಿ ಅನ್ನಕ್ಕೆ ಹಾಕ್ತಾರೆ."

"ಆ ಮೀನು ನಿನಗೇನು ಮಾಡಿತ್ತು?" ಎಂದು ಕೇಳಿ ಅತ್ತೆ ಫೋನಿಟ್ಟರು.

ಖಾಲಿ ತಟ್ಟೆ

ಮ್ಯಾನೇಜರ್ ಹನ್ನೊಂದಕ್ಕೆ ಬಂದರು. ಒಂದು ತುತ್ತು ತಿಂದು ಕಣ್ಣು ಮುಚ್ಚಿದರು. ಎಸಿಯ ತಂಪು, ಅನ್ನದ ಹಬೆ, ಕಿಟಕಿಯ ಬಿಳಿ ಬೆಳಕು. ನನ್ನ ಅರ್ಜಿಗೆ ರೆಕ್ಕೆ ಮೂಡುವುದು ಕಾಣಿಸಿತು.

ತಟ್ಟೆ ಖಾಲಿಯಾಯಿತು. ಹೆಂಡತಿ ಮತ್ತೆ ತುಂಬಿದಳು.

"ಖಲಾಸ್, ಮೇಡಂ" ಎಂದರು ಅವರು, ಕೈ ಅಡ್ಡ ಹಿಡಿದು. ನಮ್ಮ ಕಡೆ ಮೊದಲ ಎರಡು 'ಬೇಡ' ಲೆಕ್ಕಕ್ಕಿಲ್ಲ, ಅವು ಮರ್ಯಾದೆಗೆ ಹೇಳುವವು. ಅವರು ಅದನ್ನೂ ತಿಂದು ಮುಗಿಸಿದರು. ಇವಳು ಮೂರನೇ ಸಲ ಬಡಿಸಿದಳು. ಅವರು ಹಣೆಯ ಬೆವರು ಒರೆಸಿಕೊಂಡು ಅದನ್ನೂ ಒಂದು ಅಗುಳು ಬಿಡದೆ ಮುಗಿಸಿದರು.

"ಪಾಪ, ಎಷ್ಟು ಹಸಿದಿದ್ದರು" ಎಂದು ಇವಳು ಅಡುಗೆಮನೆಯಲ್ಲಿ ಮರುಗಿದಳು. ನಾಲ್ಕನೆಯ ಸಲ ಬಡಿಸಲು ಸೌಟು ಹಿಡಿದು ಬರುವಷ್ಟರಲ್ಲಿ ಅವರು ಸೋಫಾದ ಮೇಲೆ ಒರಗಿ ನಿದ್ದೆಹೋಗಿದ್ದರು. ಎರಡು ಗಂಟೆ ಏಳಲಿಲ್ಲ. ನಾವು ಪಿಸುಮಾತಿನಲ್ಲೇ ಬದುಕಿದೆವು.

ಮರುದಿನ ಭಾನುವಾರ, ಇಲ್ಲಿ ವಾರದ ಮೊದಲ ಕೆಲಸದ ದಿನ, ಆಫೀಸಿನಲ್ಲಿ ಕರೆಸಿದರು. ಅರ್ಜಿಯಲ್ಲಿ ಹದಿನೈದನ್ನು ಮೂವತ್ತು ಎಂದು ತಿದ್ದಿ ಸಹಿ ಹಾಕಿದ್ದರು. ನಾನು ಹಿಗ್ಗಿ, "ಅಡುಗೆ ಅಷ್ಟು ಹಿಡಿಸಿತಾ, ಸಾರ್?" ಎಂದೆ.

"ಅಡುಗೆ ಬಹಳ ಚೆನ್ನಾಗಿತ್ತು. ಇಂಡಿಯನ್ನರ ಮನೆಯಲ್ಲಿ ತಟ್ಟೆಯಲ್ಲಿ ಏನಾದರೂ ಬಿಟ್ಟರೆ ಅವಮಾನ ಅಂತ ನನ್ನ ಡ್ರೈವರ್ ಹೇಳಿ ಕಳಿಸಿದ್ದ" ಎಂದರು ಅವರು, ಹೊಟ್ಟೆಯ ಮೇಲೆ ಕೈಯಿಟ್ಟುಕೊಂಡು. "ಮೇಡಂ ಕೂಡ ನಿನ್ನ ಜೊತೆ ಊರಿಗೆ ಹೋಗ್ತಾರೆ ತಾನೆ?"

"ಹೌದು, ಸಾರ್."

"ಊರಿಂದ ಬಂದ ಕೂಡಲೇ ನನ್ನನ್ನು ಮತ್ತೆ ಊಟಕ್ಕೆ ಕರೀತೀನಿ ಅಂದಿದ್ದಾರೆ. ಹದಿನೈದು ದಿನ ನಿನಗೆ ಸಾಕು. ನನಗೆ ಸಾಲದು."