ಕೊಂಬು ಮರೆತ ಮಣ್ಣೆತ್ತು

ಸಂತೋಷ ತಡೆದುಕೊಳ್ಳುವುದು ನನಗೆ ಬಾರದ ವಿದ್ಯೆ. ಮೂರನೇ ಇಯತ್ತೆಗೆ ಶಾಲೆ ಬಿಟ್ಟವನಿಗೆ ಬಾರದ ವಿದ್ಯೆಗಳು ಬಹಳ, ಅವುಗಳಲ್ಲಿ ಇದೂ ಒಂದು. ನನ್ನ ಮೊಮ್ಮಗಳು ನೀಲಾ ನಡೆದಳು! ಮೊರಬದ ಬಸ್ಸಿನ ಕಂಡಕ್ಟರನ ಕೈಗೂ ಪೇಢೆ ಇಟ್ಟು ಹೇಳಿದೆ. "ಅಜ್ಜಾರ, ಹಲ್ಲಿಲ್ಲದ ಬಾಯಾಗ ಎಷ್ಟ್ ನಗತೀರಿ!" ಎಂದ. ಹೇಗೆ ನಡೆದಳು ಎಂಬುದನ್ನು ಮಾತ್ರ ಹೇಳಲಿಲ್ಲ. ಹೇಳಿದ್ದರೆ ಪೇಢೆ ವಾಪಸು ಕೊಡುತ್ತಿದ್ದ.

ಎರಡು ವರ್ಷ ತುಂಬಿದರೂ ಕೂಸು ಎದ್ದು ನಿಂತಿರಲಿಲ್ಲ. ಕಾಲಿಗೆ ಏನೂ ಆಗಿಲ್ಲ, ಕಾಯಿರಿ ಎಂದಿದ್ದರು ನವಲಗುಂದದ ಡಾಕ್ಟರು. ಸೊಸೆ ಕಾದು ಕಾದು ಮಾತೇ ಕಡಿಮೆ ಮಾಡಿದ್ದಳು. ಅಷ್ಟರಲ್ಲಿ ಮಣ್ಣೆತ್ತಿನ ಅಮಾವಾಸ್ಯೆ ಬಂತು. ಪೂಜೆಗೆ ಎರೆಮಣ್ಣಿನ ಜೋಡಿ ಎತ್ತು ಮಾಡುವುದು ಮನೆಯಲ್ಲಿ ನನ್ನ ಕೆಲಸ. ಆದರೆ ಇದು ಹರೆಯದಲ್ಲಿ ಮುಂಬಯಿಯ ರೇಸಿನ ಲಾಯದಲ್ಲಿ ಕುದುರೆ ತಿಕ್ಕಿದ ಕೈ. ಒಂದು ಎತ್ತು ಸರಿಯಾಗಿ ಬಂತು; ಇನ್ನೊಂದಕ್ಕೆ ಕುತ್ತಿಗೆ ಉದ್ದವಾಯಿತು, ಕೊಂಬು ಇಡುವುದೇ ಮರೆತುಹೋಯಿತು. "ಇದೇನ್ರಿ, ಎತ್ತೋ ಕುದುರಿಯೋ?" ಎಂದಳು ಹೆಂಡತಿ ಗಂಗವ್ವ. ನನಗೆ ಗುರುತು ಸಿಕ್ಕಿತ್ತು. ಅದು ಚಾಂದನಿ, ನಾನು ಸಾಕಿದ ಹೆಣ್ಣುಗುದುರೆ, ಸತ್ತು ಬಹಳ ವರ್ಷವಾಗಿತ್ತು. ಅವಳ ಹಾಗೆಯೇ ಎಡಗಿವಿ ಬಾಗಿತ್ತು. ನಾನು ಬಾಗಿಸಿರಲಿಲ್ಲ.

ಎರಡನ್ನೂ ದೇವರ ಕಡೆ ಮುಖ ತಿರುಗಿಸಿ ಗೋಡೆಯ ಮಾಡದಲ್ಲಿ ಇಟ್ಟೆವು. ಬೆಳಿಗ್ಗೆ ಎತ್ತು ಹಾಗೇ ಇತ್ತು. ಚಾಂದನಿ ಬಾಗಿಲ ಕಡೆ ತಿರುಗಿದ್ದಳು. ಗಂಗವ್ವ ತಪ್ಪನ್ನು ಬೆಕ್ಕಿನ ಮೇಲೆ ಹಾಕಿದಳು. ನಮ್ಮ ಮನೆಯಲ್ಲಿ ಬೆಕ್ಕಿಲ್ಲ.

ಅಂದು ಸಂಜೆ ಎಲ್ಲರೂ ಪಂಚಾಯಿತಿಗೆ ಹೊಸದಾಗಿ ಬಂದ ಟೀವಿ ನೋಡಲು ಹೋದರು. ನನ್ನ ಹತ್ತಿರ ಉಳಿದ ಕೂಸು ಹಟ ಹಿಡಿಯಿತು, ಸಮಾಧಾನಕ್ಕೆ ಕಥೆ ಶುರು ಮಾಡಿದೆ. ನನಗೆ ಬರುವ ಕಥೆ ಒಂದೇ, ಮುಂಬಯಿಯ ಆ ಉದ್ದ ಓಟದ್ದು. ಬಿಳಿ ಸಾಹೇಬರು ಅದನ್ನು ಶುರು ಮಾಡಿದ್ದು, ಹಡಗಿನಲ್ಲಿ ಬಂದ ಅರಬಿ ಕುದುರೆಗಳನ್ನು ವಿಲಾಯತಿಯ ಥರೋಬ್ರೆಡ್ ಜಾತಿಯ ಕುದುರೆಗಳು ಹಿಂದೆ ಹಾಕಿದ್ದು, ಮಹಾರಾಜರು ಗೆದ್ದವರಿಗೆ ಬೆಳ್ಳಿ ಬಟ್ಟಲು ಇಟ್ಟದ್ದು, ಆಮೇಲೆ ಸೇಠರು ಬಂದದ್ದು. ಸಾಹೇಬರು ಹೋದರು, ಸಂಸ್ಥಾನಗಳು ಹೋದವು. ಓಟದ ಉದ್ದ ಮಾತ್ರ ಒಂದು ಮೊಳವೂ ಕಡಿಮೆಯಾಗಲಿಲ್ಲ. ಮೊದಲೇ ಹಾರಿದ ಕುದುರೆಗಳು ಅದರಲ್ಲಿ ಕೊನೆಗೆ ಬಾಯಿ ಬಿಡುತ್ತಿದ್ದವು. "ನಮ್ಮ ಚಾಂದನಿ ಎಲ್ಲಾರಕಿಂತ ಹಿಂದ ಹೊಂಟ್ಲವಾ. ಮಂದಿ ನಕ್ರು. ಕಡೀ ತಿರುವಿನ್ಯಾಗ ಕಿವಿ ಹಿಂದ ಮಾಡಿದ್ಲು ನೋಡು..." ಎನ್ನುವಷ್ಟರಲ್ಲಿ ನನ್ನ ಕತ್ತಿಗೆ ಬೆಚ್ಚನೆಯ ಉಸಿರು ತಗುಲಿತು. ಲಾಯದಲ್ಲಿ ಚಾಂದನಿಗೆ ತಿನ್ನಿಸುತ್ತಿದ್ದ ನೆನೆದ ಹುರಳಿಯ ವಾಸನೆ. ತಿರುಗಿ ನೋಡಲು ಧೈರ್ಯವಾಗಲಿಲ್ಲ. ನೀಲಾ ನನ್ನ ಹೆಗಲಿನಾಚೆ ನೋಡಿ ನಕ್ಕಳು, ಕೈ ಮೇಲೆತ್ತಿ ಗಾಳಿಯಲ್ಲಿ ಏನನ್ನೋ ಹಿಡಿದು ಎದ್ದು ನಿಂತಳು. ನಡೆದಳು! ಅವಳ ಹೆಜ್ಜೆಗೆ ಕಾಯುತ್ತ ಯಾರೋ ಪಕ್ಕದಲ್ಲಿ ಬರುತ್ತಿರುವ ಹಾಗೆ, ಮೆಲ್ಲಗೆ, ಅಂಗಳದವರೆಗೂ. ಮಳೆಗೆ ಹಸಿಯಾದ ಮಣ್ಣಿನಲ್ಲಿ ಪುಟ್ಟ ಪಾದ ಮೂಡಿದವು. ಪಕ್ಕದಲ್ಲಿ ದುಂಡನೆಯ ಗೊರಸಿನ ಅಚ್ಚು. ಲಾಳದ ಗುರುತಿರಲಿಲ್ಲ. ಓಟ ಬಿಟ್ಟ ಕುದುರೆಯ ಲಾಳ ತೆಗೆದುಬಿಡುತ್ತಾರೆ.

ಟೀವಿ ನೋಡಿ ಬಂದ ಸೊಸೆ ಕೂಸನ್ನು ಅಪ್ಪಿ ಅತ್ತಳು, ನಾನೂ ಅತ್ತೆ. ಗಂಗವ್ವ ಅಂಗಳ ನೋಡಿದಳು. "ಟಾಂಗಾದ ಕುದುರಿ ಹಾದು ಹೋಗಿರಬೇಕ್ರಿ."

"ನಮ್ಮೂರಾಗ ಟಾಂಗಾ ಎಲ್ಲೈತಿ?"

"ಸುಮ್ನ ಕುಂದರ್ರಿ."

ಆದರೆ ಪೂಜೆ ಮುಗಿದ ಮೇಲೆ ರೂಢಿಯಂತೆ ಮಣ್ಣಿನ ಎತ್ತನ್ನು ಬಾವಿಗೆ ಬಿಟ್ಟವಳು ಚಾಂದನಿಯನ್ನು ಬಿಡಲಿಲ್ಲ. ದಿನಾ ಸಂಜೆ ಅದರ ಮುಂದೆ ನೆನೆಸಿದ ಹುರಳಿ ಇಡುತ್ತಾಳೆ. ಬೆಳಿಗ್ಗೆ ಬಟ್ಟಲು ಖಾಲಿ. "ವಯಸ್ಸಿಗೆ ತಕ್ಕಂಗ ಇರ್ರಿ, ದೇವರ ಮುಂದಿಂದು ಕದ್ದು ತಿಂತೀರಿ" ಎಂದು ಬೈಯುತ್ತಾಳೆ. ಹಲ್ಲಿಲ್ಲದ ಬಾಯಿ ತೆರೆದು ತೋರಿಸಬಹುದಿತ್ತು, ತೋರಿಸಲಿಲ್ಲ. ನಾನೇ ತಿಂದೆ ಎಂದು ಒಪ್ಪಿಕೊಂಡಿದ್ದೇನೆ. ಒಪ್ಪದಿದ್ದರೆ ಮತ್ತೆ ಯಾರು ಎಂದು ಇಬ್ಬರೂ ಯೋಚಿಸಬೇಕಾಗುತ್ತದೆ.