ಡೀನ್ ಸಾಹೇಬರನ್ನು ನಾನು ಕೊಂದದ್ದು

ಚರ್ಚಾಸ್ಪರ್ಧೆಗಳಲ್ಲಿ ಪಳಗಿದವರಿಗೆ ಒಂದು ಅನುಕೂಲವಿದೆ. ಎದುರಿನವರು ಹೇಳಿದ್ದು ಅರ್ಥವಾಗದಿದ್ದರೂ ಅದನ್ನು ಖಂಡಿಸಬಹುದು. ದಾವಣಗೆರೆಯಲ್ಲಿ ಓದುವಾಗ ದೇವರು, ದೆವ್ವ, ಪುನರ್ಜನ್ಮ ಎಲ್ಲವನ್ನೂ ನಾನು ಹೀಗೇ ಖಂಡಿಸಿ ಸ್ಟೀಲ್ ತಟ್ಟೆಗಳನ್ನು ಬಹುಮಾನವಾಗಿ ಗೆದ್ದಿದ್ದೆ. ಅವುಗಳಲ್ಲಿ ನಮ್ಮಮ್ಮ ಈಗಲೂ ಸಂಡಿಗೆ ಒಣಗಿಸುತ್ತಾಳೆ.

ಸಿಡ್ನಿಗೆ ಬಂದು ನಾರ್ವೆಸ್ಟ್ ಬಡಾವಣೆಯಲ್ಲಿ ಕೆಲಸ ಸಿಕ್ಕ ಮೇಲೆ ಆಲನ್ ಎಂಬ ಮುದುಕರ ಮನೆಯಲ್ಲಿ ರೂಮು ಹಿಡಿದೆ. ಅಂಕಲ್ ಎಂದರೆ ಅವರಿಗೆ ಸಿಟ್ಟು, ಬರೀ ಆಲನ್ ಅನ್ನಬೇಕು. ಹದಿನೇಳನೇ ಶತಮಾನದ ಇಂಗ್ಲೆಂಡಿನ ಒಬ್ಬ ಡೀನ್‌ನ ಜೀವನಚರಿತ್ರೆಯನ್ನು ಅವರು ವರ್ಷಗಟ್ಟಲೆ ಕೂತು ನೋಟ್‌ಬುಕ್ಕಿನಲ್ಲಿ ಬರೆದಿದ್ದರು. ಈಗ ಕಣ್ಣು ಮಂಜಾಗಿತ್ತು. ಮೆಲ್ಬರ್ನಿನ ಇತಿಹಾಸಾಸಕ್ತರ ಸಂಘವೊಂದು ಅದನ್ನು ಓದಲು ಕರೆದಿತ್ತು. ಟೈಪ್ ಮಾಡಿ, ಅಲ್ಲಿಗೆ ಬಂದು ನೀನೇ ಓದಿಬಿಡು ಎಂದು ನನ್ನನ್ನು ಕೇಳಿಕೊಂಡರು. ನಾನು ಒಪ್ಪಿದೆ.

ನನಗೆ ಗೊತ್ತಿದ್ದ ಡೀನ್ ಎಂದರೆ ಅಟೆಂಡೆನ್ಸ್ ಕಮ್ಮಿಯಾದರೆ ಅಪ್ಪನನ್ನು ಕರೆಸುವ ಮನುಷ್ಯ. ಈ ಡೀನ್ ಕ್ಯಾಥೆಡ್ರಲ್ ಎಂಬ ದೊಡ್ಡ ಚರ್ಚಿನಲ್ಲಿದ್ದ. ಇರಲಿ, ಚರ್ಚಿನ ಕಾಲೇಜಿರಬೇಕು ಎಂದುಕೊಂಡೆ. ರಾಜನಿಗೂ ಪಾರ್ಲಿಮೆಂಟಿಗೂ ಯುದ್ಧ ಶುರುವಾಯಿತು. ಡೀನ್ ರಾಜನ ಕಡೆ. ಆಮೇಲೆ ಒಂದು ವಾಕ್ಯ: ಅವನದೇ ನಾಲ್ಕು ಕ್ಯಾನನ್‌ಗಳು ಅವನ ವಿರುದ್ಧ ತಿರುಗಿದವು, ಅವನು ತನ್ನ ಲಿವಿಂಗ್ ಕಳೆದುಕೊಂಡ. ಪಾಪ, ಕಣ್ಣು ಕಾಣದ ಮುದುಕರು ಸ್ಪೆಲಿಂಗ್ ತಪ್ಪು ಬರೆದಿದ್ದಾರೆ ಎಂದು ಕ್ಯಾನನ್‌ಗೆ ಇನ್ನೊಂದು ಎನ್ ಸೇರಿಸಿದೆ. ಲಿವಿಂಗ್ ಹೋಯಿತೆಂದರೆ ಜೀವ ಹೋಯಿತು; ನಾಲ್ಕು ಫಿರಂಗಿ ತಿರುಗಿದ ಮೇಲೆ ಯಾರಾದರೂ ಉಳಿಯುತ್ತಾರೆಯೇ?

ಆದರೆ ಮುಂದಿನ ಪುಟದಲ್ಲಿ ಸತ್ತವನು ಹಳ್ಳಿಯೊಂದರಲ್ಲಿ ಮಕ್ಕಳಿಗೆ ಅಕ್ಷರ ಕಲಿಸುತ್ತಿದ್ದ! ಹೊಸ ರಾಜ ಬಂದ ಮೇಲೆ ಮತ್ತೆ ಡೀನ್ ಆಗಿ ಅದೇ ಕುರ್ಚಿಯಲ್ಲಿ ಕೂತ. ಎರಡು ಸಲ ಓದಿದೆ, ತಲೆ ಗಿರ್ರೆಂದಿತು. ಆಮೇಲೆ ಹೊಳೆಯಿತು: ಇದು ಪವಾಡ, ಭಕ್ತರು ಕಟ್ಟಿದ ಕಥೆ. ಕೊನೆಯ ಹನ್ನೆರಡು ಪುಟಗಳನ್ನು ಒಂದೊಂದು ಸಾಲಾಗಿ ಮನಸ್ಸಿನಲ್ಲೇ ಖಂಡಿಸಿ ಕೈಬಿಟ್ಟೆ. ಎಲ್ಲ ಸರಿಹೋಯಿತೇ ಎಂದು ಆಲನ್ ಕೇಳಿದಾಗ, ಸಣ್ಣಪುಟ್ಟ ತಪ್ಪು ತಿದ್ದಿದ್ದೇನೆ ಎಂದೆ. ನೋಟ್‌ಬುಕ್ ಸಿಡ್ನಿಯಲ್ಲೇ ಉಳಿಯಿತು.

ಮೆಲ್ಬರ್ನಿನಲ್ಲಿ ಆಲನ್ ತಂಗಿಯ ಮನೆಗೆ ಹೋದರು. ನಾನು ಡಾಕ್‌ಲ್ಯಾಂಡ್ಸ್‌ನಲ್ಲಿದ್ದ ಗೆಳೆಯ ಗಿರೀಶನ ಫ್ಲ್ಯಾಟಿಗೆ ಹೋದೆ. ಅವನು ಮೈಸೂರಿನಲ್ಲಿ ಪಾದ್ರಿಗಳ ಶಾಲೆಯಲ್ಲಿ ಓದಿದವನು. ಚಿತ್ರಾನ್ನ ತಿನ್ನುತ್ತ ನನ್ನ ಪ್ರಿಂಟ್‌ಔಟ್ ಓದಿದವನು ತಟ್ಟೆ ಕೆಳಗಿಟ್ಟ.

"ಲೋ ವಾಗೀಶ, ಒಂದು ಎನ್ ಇರೋ ಕ್ಯಾನನ್ ಅಂದ್ರೆ ಪಾದ್ರಿ ಕಣೋ. ಡೀನ್ ಅಂದ್ರೆ ಕ್ಯಾಥೆಡ್ರಲ್‌ನ ಮುಖ್ಯ ಪಾದ್ರಿ, ಇವ್ರು ಅವನ ಕೈಕೆಳಗಿನವ್ರು. ಲಿವಿಂಗ್ ಅಂದ್ರೆ ಚರ್ಚಿನ ನೌಕರಿ."

"ಲಿವಿಂಗ್ ಅಂದ್ರೆ ಜೀವನ ಅಲ್ವೇನೋ?"

"ಜೀವನಾನೇ. ನಿಮ್ಮಮ್ಮ ಫೋನಲ್ಲಿ ಜೀವನಕ್ಕೇನೋ ಮಾಡ್ತಿದೀಯ ಅಂತ ಕೇಳಿದ್ರೆ, ಉಸಿರಾಡ್ತಾ ಇದೀಯಾ ಅಂತ ಅರ್ಥಾನಾ?"



ಮರುದಿನ ಬೆಳಿಗ್ಗೆ ಸಭಾಂಗಣದ ಬಾಗಿಲಲ್ಲೇ ಆಲನ್‌ಗೆ ತಪ್ಪೊಪ್ಪಿಕೊಂಡೆ. ಅವರು ಬೈಯಲಿಲ್ಲ. ಬೈದಿದ್ದರೆ ನಾನು ಹೇಗೋ ವಾದಿಸುತ್ತಿದ್ದೆ. "ಕೆಲಸ ಹೋದ ಮನುಷ್ಯ ಆ ವರ್ಷಗಳನ್ನು ಹೇಗೆ ಕಳೆದ ಅನ್ನುವುದಕ್ಕಾಗಿಯೇ ನಾನು ಪುಸ್ತಕ ಬರೆದದ್ದು," ಎಂದಷ್ಟೇ ಹೇಳಿ ಒಳಗೆ ಹೋಗಿ ಕೂತರು.

ನಾನು ಫಿರಂಗಿಗಳವರೆಗೆ ಓದಿದೆ, ಅವುಗಳನ್ನು ಮರಳಿ ಪಾದ್ರಿಗಳನ್ನಾಗಿಸಿದೆ, ಕಾಗದ ಮಡಚಿದೆ. ಮುಂದಿನದನ್ನು ಹೇಳಲು ಆಲನ್ ಎದ್ದರು. ನಾಲ್ಕು ವಾಕ್ಯಕ್ಕೆ ನೆನಪು ಕೈಕೊಟ್ಟಿತು. ನನ್ನ ಕಡೆ ತಿರುಗಿದರು. ಆಶ್ಚರ್ಯವೆಂದರೆ ಆ ಹನ್ನೆರಡು ಪುಟಗಳೂ ನನಗೆ ಬಾಯಿಪಾಠವಾಗಿದ್ದವು. ಖಂಡಿಸಿದ್ದನ್ನು ನಾನು ಎಂದೂ ಮರೆಯುವುದಿಲ್ಲ. ಹಳ್ಳಿ, ಸೋರುವ ಸೂರು, ಮಕ್ಕಳಿಗೆ ಹಲಗೆಯ ಮೇಲೆ ತಿದ್ದಿಸಿದ ಅಕ್ಷರ, ಕೊನೆಗೆ ಆ ಕುರ್ಚಿ, ಎಲ್ಲವನ್ನೂ ಹೇಳಿದೆ. ಆಲನ್ ಕಣ್ಣು ಮುಚ್ಚಿ ತಲೆದೂಗುತ್ತಿದ್ದರು.

ಮುಗಿದ ಮೇಲೆ ಹಿಂದಿನ ಸಾಲಿನಿಂದ ಒಬ್ಬ ತರುಣ ಎದ್ದು ನಿಂತ. ಇದಕ್ಕೆಲ್ಲ ಆಧಾರವೇನು ಎಂದ. ಅವನ ನಿಲುವು, ಕೈಬೆರಳು ಎತ್ತಿದ ಠೀವಿ, ಯಾವುದೂ ನನಗೆ ಹೊಸದಲ್ಲ.

"ಆಲನ್ ಹೇಳಿದ್ದಾರಲ್ಲ," ಎಂದೆ ನಾನು, "ನಂಬಬೇಕಪ್ಪ."