ಮಾಸ್ಟ್ರ ಹಾಯಿ ಮತ್ತು ಶನಿವಾರದ ರಾಹುಕಾಲ

ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು ಎಂದು ಮಕ್ಕಳಿಗೆ ಪಾಠ ಹೇಳುವ ಗಣೇಶಪ್ರಸಾದ ಮಾಸ್ಟ್ರು ಅದನ್ನು ತಮಗೇ ಹೇಳಿಕೊಳ್ಳಲು ಮರೆತದ್ದು ಈ ಎಲ್ಲ ರಾದ್ಧಾಂತಕ್ಕೆ ಮೂಲ. ಕುಂಬಳೆಯ ಗ್ರಂಥಾಲಯದಲ್ಲಿ ಹಾಯಿಹಡಗುಗಳ ಬಗ್ಗೆ ಅವರ ಭಾಷಣವಿತ್ತು. ಅರಬರು ಗಾಳಿಯ ದಿಕ್ಕು ನೋಡಿ ಕಡಲು ದಾಟಿದ್ದು, ಪತ್ತೇಮಾರಿ ಎಂಬ ಹಾಯಿನಾವೆಗಳು ನಮ್ಮ ಅಕ್ಕಿ, ಕಾಳುಮೆಣಸು ಹೊತ್ತು ಹೋದದ್ದು, ರಾತ್ರಿ ನಕ್ಷತ್ರ ಹಿಡಿದು ದಾರಿ ಕಂಡದ್ದು, ಎಲ್ಲ ಸೊಗಸಾಗಿ ಬಂತು. ಚಪ್ಪಾಳೆಯೂ ಬಿತ್ತು. ಆ ಚಪ್ಪಾಳೆಯ ಅಮಲಿನಲ್ಲಿ ಬಾಯಿಂದ ಇನ್ನೊಂದು ಮಾತು ಜಾರಿತು.

"ಒಂದು ದೋಣಿ, ಒಂದು ಹಾಯಿ ಕೊಡಿ. ಇಂಜಿನ್ ಇಲ್ಲದೆ ಕಡಲಲ್ಲಿ ಬೇಕಲ ಕೋಟೆಯವರೆಗೆ ನಾನೇ ಬಿಟ್ಟು ತೋರಿಸ್ತೇನೆ."

ಕೊಡುವವರು ಯಾರಿದ್ದಾರೆ ಎಂಬ ಧೈರ್ಯ ಅವರದು. ಆದರೆ ಎದುರಿನ ಸಾಲಿನಲ್ಲಿ ನೆರೆಮನೆಯ ಉಗ್ಗಪ್ಪ ಕೂತಿದ್ದ. ಗಲ್ಫಿನಿಂದ ಮರಳಿದ ಮೇಲೆ ಊರವರ ಕೆಲಸವನ್ನೆಲ್ಲ ಮೈಮೇಲೆ ಎಳೆದುಕೊಳ್ಳುವುದೇ ಅವನ ಉದ್ಯೋಗ.

"ದೋಣಿಯ ಚಿಂತೆ ನಿಮಗೆ ಬೇಡ ಮಾಸ್ಟ್ರೇ" ಎಂದು ಅವನು ಎದ್ದು ನಿಂತ. "ಮೀನು ಹಿಡಿಯುವ ನಮ್ಮ ಪೂವಪ್ಪನದ್ದು ಹಳೆಯದೊಂದು ಉಂಟು. ಬರುವ ಶನಿವಾರ ಹೊಳೆಯಲ್ಲಿ ಒಂದು ಸುತ್ತು ಬಿಟ್ಟು ನೋಡುವ. ಸರಿಹೋದ್ರೆ ಕ್ರಿಸ್ಮಸ್ ರಜೆಯಲ್ಲಿ ಕಡಲಿಗೆ, ಸೀದಾ ಬೇಕಲಕ್ಕೆ."

ಮತ್ತೆ ಚಪ್ಪಾಳೆ ಬಿತ್ತು. ಈ ಸಲ ಮಾಸ್ಟ್ರಿಗೆ ಅದು ಸಿಡಿಲಿನ ಹಾಗೆ ಕೇಳಿಸಿತು.

ಯಾಕೆಂದರೆ ಅವರು ಎಣ್ಮಕಜೆಯ ಗುಡ್ಡದ ಮೇಲೆ ಹುಟ್ಟಿ ಬೆಳೆದವರು. ಈಜು ಬಾರದು, ಜನ್ಮದಲ್ಲಿ ದೋಣಿಗೆ ಕಾಲಿಟ್ಟವರಲ್ಲ. ಪೆರ್ಲದ ಬಸ್ಸು ಹತ್ತುವುದಕ್ಕೂ ಕಿಸೆಯಲ್ಲಿ ಲಿಂಬೆಹಣ್ಣು ಬೇಕು, ಇಲ್ಲವಾದರೆ ಬದಿಯಡ್ಕ ಬರುವುದರೊಳಗೆ ಹೊಟ್ಟೆ ತೊಳಸುತ್ತದೆ. ಒಪ್ಪಿದರೆ ಪ್ರಾಣ ಹೋಗುತ್ತದೆ, ಒಲ್ಲೆ ಎಂದರೆ ಮಾನ ಹೋಗುತ್ತದೆ. ಎರಡನ್ನೂ ಉಳಿಸಿಕೊಳ್ಳುವ ದಾರಿ ಹುಡುಕಿ ಹುಡುಕಿ ಅವರಿಗೆ ಕೊನೆಗೆ ಸಿಕ್ಕಿದ್ದು ಮೊಬೈಲಿನಲ್ಲಿ: ಶನಿವಾರ ಬೆಳಿಗ್ಗೆ ಒಂಬತ್ತೂವರೆಗೆ ಕಡಲಿನ ಇಳಿತ.

ಇಳಿತದ ಹೊತ್ತಿಗೆ ಪೂವಪ್ಪ ದೋಣಿ ಕಟ್ಟುವ ಹೊಳೆಯ ಕಡವಿನಲ್ಲಿ ನೀರು ಇರುವುದಿಲ್ಲ, ಬರೀ ಕೆಸರು. ದೋಣಿಯನ್ನು ಆನೆ ತಂದು ತಳ್ಳಿದರೂ ಹಂದದು. "ಎಂತ ಮಾಡುವುದು, ನಾನು ತಯಾರಿದ್ದೆ, ಹೊಳೆಯೇ ಕೈಕೊಟ್ಟಿತು" ಎಂದು ನಿಟ್ಟುಸಿರು ಬಿಟ್ಟು ಮನೆಗೆ ಬಂದು ಉಪ್ಪಿಟ್ಟು ತಿನ್ನಬಹುದು. ಬೇಕಲದ ಮಾತು ಅಲ್ಲಿಗೇ ಮುಗಿಯುತ್ತದೆ. ಮಾಸ್ಟ್ರು ಒಂಬತ್ತೂವರೆಯ ಹೊತ್ತನ್ನು ಎಲ್ಲರಿಗೂ ತಿಳಿಸಿ ಆ ವಾರವಿಡೀ ಸುಖವಾಗಿ ನಿದ್ದೆ ಮಾಡಿದರು.

ಶನಿವಾರ ಬೆಳಿಗ್ಗೆ ಅಂಗಿ ಹಾಕಿಕೊಳ್ಳುತ್ತಿದ್ದಾಗ ಹೆಂಡತಿ ಸುಬ್ಬಲಕ್ಷ್ಮಿ ಗೋಡೆಯ ಕ್ಯಾಲೆಂಡರಿನ ಎದುರು ನಿಂತು ಹೇಳಿದರು, "ನೀವು ಅವಸರ ಮಾಡ್ಬೇಡಿ. ಶನಿವಾರ ಒಂಬತ್ತರಿಂದ ಹತ್ತೂವರೆ ರಾಹುಕಾಲ ಅಲ್ವಾ? ಅದು ಕಳೆದ ಮೇಲೆಯೇ ಹೊರಡುವುದು ಅಂತ ಉಗ್ಗಪ್ಪಣ್ಣನಿಗೆ ನಾನು ಫೋನ್ ಮಾಡಿ ಆಯ್ತು."

ಹತ್ತೂವರೆ ಕಳೆದರೆ ನೀರು ಏರತೊಡಗುತ್ತದೆ ಎಂದು ಮಾಸ್ಟ್ರಿಗೆ ಗೊತ್ತಿತ್ತು. "ಅರಬರು ರಾಹುಕಾಲ ನೋಡಿ ಬಂದದ್ದಾ?"

"ಅವರಲ್ಲಿ ಯಾರೂ ನನ್ನ ಗಂಡ ಅಲ್ಲ."

ಮಾಸ್ಟ್ರು ಲಿಂಬೆಹಣ್ಣನ್ನು ಕಿಸೆಗೆ ಹಾಕಿಕೊಂಡು ಹೇಳಿದ ಹೊತ್ತಿಗೇ ಕಡವಿಗೆ ಹೊರಟರು.

ಕಡವಿನಲ್ಲಿ ಜನ ಆಗಲೇ ಸೇರಿದ್ದರು. ಮಾಸ್ಟ್ರು ಎಣಿಸಿದಂತೆಯೇ ದೋಣಿ ಕೆಸರಿನಲ್ಲಿ ಎಮ್ಮೆಯ ಹಾಗೆ ಮಲಗಿತ್ತು. ಕಂಬಕ್ಕೆ ಅಡಿಕೆಮರದ ತುಂಡು, ಹಾಯಿಗೆ ಉಗ್ಗಪ್ಪ ಅಡಿಕೆ ಒಣಗಿಸುವ ನೀಲಿ ಟರ್ಪಾಲು. ಕಂಬವನ್ನು ನೆಟ್ಟಗೆ ಹಿಡಿದು ನಿಲ್ಲಿಸಿದ್ದು ಒಂದೇ ಒಂದು ಹಗ್ಗ.

"ಈಗಲೇ ತಳ್ಳುವ, ನೋಡುವ" ಎಂದರು ಮಾಸ್ಟ್ರು, ಆಸೆಯಿಂದ.

"ರಾಹುಕಾಲದಲ್ಲಿ ನಾನು ದೋಣಿ ಮುಟ್ಟುವ ಜನ ಅಲ್ಲ" ಎಂದು ಪೂವಪ್ಪ ಬೀಡಿ ಹಚ್ಚಿದ.

ಹತ್ತೂವರೆ ದಾಟಿತು. ನೀರು ಇನ್ನೂ ದೂರವಿತ್ತು. ಮಾಸ್ಟ್ರು ಓಡಿಹೋಗಿ ದೋಣಿಗೆ ಕೈಹಚ್ಚುವಷ್ಟರಲ್ಲಿ ಪಂಚಾಯತು ಸದಸ್ಯೆ ನಮಿತಾ ಮೈಕು ಹಿಡಿದರು. ಕಡವಿನ ರಸ್ತೆಗೆ ತಾನು ತಂದ ಅನುದಾನದಿಂದ ಶುರುಮಾಡಿ, ದಾರಿದೀಪ, ಕುಡಿಯುವ ನೀರು ಎಲ್ಲವನ್ನೂ ದಾಟಿ ಅವರು ಹಾಯಿಹಡಗಿಗೆ ಬರುವ ಹೊತ್ತಿಗೆ ನೀರು ದೋಣಿಯ ತಳಕ್ಕೆ ಬಂದಿತ್ತು. ಆಮೇಲೆ ಸುಬ್ಬಲಕ್ಷ್ಮಿಯವರ ಗೋಳಿಬಜೆ, ಚಹಾ. ಎಲ್ಲರೂ ಚಟ್ನಿಯ ರುಚಿ ಹೊಗಳುತ್ತಿದ್ದರೆ ಮಾಸ್ಟ್ರು ನೀರನ್ನೇ ನೋಡುತ್ತಿದ್ದರು.

ಮಧ್ಯಾಹ್ನದ ಹೊತ್ತಿಗೆ ಪಡುವಣ ಗಾಳಿಯೂ ಎದ್ದಿತು. ಯಾರೂ ಮುಟ್ಟದೆಯೇ ದೋಣಿ ಒಮ್ಮೆ ತಾನಾಗಿ ಅಲುಗಿತು.

"ಹತ್ತಿ ಮಾಸ್ಟ್ರೇ" ಎಂದ ಉಗ್ಗಪ್ಪ, ಮದುಮಗನನ್ನು ಮಂಟಪಕ್ಕೆ ಕರೆಯುವ ಉತ್ಸಾಹದಲ್ಲಿ.

ಲಿಂಬೆಹಣ್ಣನ್ನು ಮೂಗಿಗೆ ಹಿಡಿದುಕೊಂಡು ಮಾಸ್ಟ್ರು ಹತ್ತಿದರು. ಚುಕ್ಕಾಣಿಯ ಹುಟ್ಟು ಹಿಡಿದ ಪೂವಪ್ಪನ ಕಿವಿಯಲ್ಲಿ, "ಎಲ್ಲ ನೀನೇ ನೋಡಿಕೊಳ್ಳಬೇಕು" ಎಂದರು.

"ಎಂತ ಹೇಳ್ತೀರಿ? ನಾನು ಇಂಜಿನ್ ದೋಣಿಯವ. ಗಾಳಿ ನಿಮ್ಮ ಲೆಕ್ಕ ಅಂತ ಅಲ್ವಾ ನಾನು ಬಂದದ್ದು?"

ಇಬ್ಬರೂ ಮುಖ ಮುಖ ನೋಡಿಕೊಳ್ಳುವಷ್ಟರಲ್ಲಿ ಟರ್ಪಾಲು ಉಬ್ಬಿತು. ದೋಣಿ ಕಡಲಿಗೆ ಬೆನ್ನು ಹಾಕಿ ಹೊಳೆಯ ಮೇಲ್ಬದಿಗೆ ಹೊರಟಿತು. ಜನ ಕೂಗುತ್ತ ದಡದ ಉದ್ದಕ್ಕೂ ಓಡಿದರು. ಮಾಸ್ಟ್ರ ಹೊಟ್ಟೆ ಮೊದಲ ಅಲೆಗೆ ಒಂದು ಸುತ್ತು, ಎರಡನೆಯದಕ್ಕೆ ಇನ್ನೊಂದು ಸುತ್ತು ತಿರುಗಿತು. ಕಣ್ಣೆತ್ತಿದರೆ ಎದುರಿಗೆ ರೈಲು ಸೇತುವೆ. ಕಂಬ ಸೇತುವೆಗಿಂತ ಎತ್ತರ.

"ಮಾಸ್ಟ್ರೇ, ಸೇತುವೆ" ಎಂದ ಪೂವಪ್ಪ.

ಅಷ್ಟರಲ್ಲಿ ಹೊಟ್ಟೆಯೊಳಗಿನದ್ದು ಬಾಯಿಗೆ ಬಂದು, ಮಾಸ್ಟ್ರು ದೋಣಿಯ ಅಂಚಿಗೆ ಬಗ್ಗಿ, ಬೀಳದಿರಲೆಂದು ಕೈಗೆ ಸಿಕ್ಕಿದ ಹಗ್ಗವನ್ನು ಜಗ್ಗಿದರು. ಅದು ಕಂಬ ನಿಲ್ಲಿಸಿದ ಹಗ್ಗ. ಕಂಬ ಟರ್ಪಾಲು ಸಮೇತ ಒರಗಿ ಅವರನ್ನು ಪೂರ್ತಿ ಮುಚ್ಚಿಬಿಟ್ಟಿತು. ಒಳಗೆ ಏನು ನಡೆಯಿತೆಂದು ಯಾರಿಗೂ ಕಾಣಲಿಲ್ಲ. ದೋಣಿ ಸೇತುವೆಯ ಅಡಿಯಿಂದ ನಯವಾಗಿ ನುಸುಳಿ ಆಚೆಯ ಮರಳುದಿಣ್ಣೆಗೆ ಹೋಗಿ ನಿಂತಿತು. ಮೇಲೆ ಹೋಗುತ್ತಿದ್ದ ರೈಲಿನವರು ಕೈಬೀಸಿದರು.

ಟರ್ಪಾಲು ಸರಿಸಿ ಹೊರಬಂದಾಗ ಮಾಸ್ಟ್ರ ಕೊರಳಿಗೆ ಹಾರ ಬಿತ್ತು.

"ಸೇತುವೆ ಬರುವ ಲೆಕ್ಕಕ್ಕೆ ಸರಿಯಾಗಿ ಕಂಬ ಇಳಿಸಿದ್ರಲ್ಲ ಮಾರಾಯ್ರೇ, ಎಂಥ ಕೈ ಅದು" ಎಂದ ಉಗ್ಗಪ್ಪ. "ಇನ್ನು ಬೇಕಲದ ಬಗ್ಗೆ ಎರಡು ಮಾತಿಲ್ಲ."

ಬೇಕಲ ಎಂದದ್ದೇ ಮಾಸ್ಟ್ರಿಗೆ ಸತ್ಯವೇ ಲೇಸೆನಿಸಿತು. ಮಾನ ಹೋದರೆ ಹೋಗಲಿ. "ಕೇಳಿ, ನಾನು ಇಳಿಸಿದ್ದಲ್ಲ. ಕಾರುವಾಗ ಹಗ್ಗ ಕೈಗೆ ಬಂತು ಅಷ್ಟೆ. ಒಂಬತ್ತೂವರೆ ಅಂತ ನಾನು ಇಟ್ಟದ್ದೇ ಇಳಿತ ನೋಡಿ. ದೋಣಿ ಹೊರಡಬಾರದು ಅಂತ."

ಮಾಸ್ಟ್ರಿಗೆ ಹಗುರವೆನಿಸಿತು.

"ಕೇಳಿದ್ರಾ?" ಉಗ್ಗಪ್ಪ ಜನರತ್ತ ತಿರುಗಿದ. "ಹೊಳೆ ಯಾವಾಗ ಇಳೀತದೆ ಅಂತ ಮನೆಯಲ್ಲಿ ಕೂತೇ ತಿಳಿಯುವವರು. ಆದ್ರೂ ನನ್ನದೇನೂ ಇಲ್ಲ ಅಂತ ಹೇಳ್ತಾರೆ. ದೊಡ್ಡವರ ಗುಣವೇ ಹಾಗೆ."

ಮಾಸ್ಟ್ರು ಇನ್ನೂ ಬಿಡಿಸಿ ಹೇಳುತ್ತಿದ್ದರೋ ಏನೋ, ಅಷ್ಟರಲ್ಲಿ ಸುಬ್ಬಲಕ್ಷ್ಮಿ ಎದುರು ಬಂದು ನಿಂತರು. ಮದುವೆಯಾದ ಮೇಲೆ ಹೆಂಡತಿ ತಮ್ಮನ್ನು ಅಷ್ಟು ಹೆಮ್ಮೆಯಿಂದ ನೋಡಿದ್ದನ್ನು ಮಾಸ್ಟ್ರು ಕಂಡಿರಲಿಲ್ಲ. ಆ ಕಣ್ಣುಗಳ ಎದುರು ಸತ್ಯ ಹೇಳುವ ಹಟ ಕರಗಿಹೋಯಿತು, ಒಳಗೊಳಗೆ ಸಂತೋಷವೂ ಆಯಿತು.

"ಬೇಕಲಕ್ಕೆ ಒಳ್ಳೆ ದಿನ ನಾನೇ ನೋಡ್ತೇನೆ" ಎಂದರು ಆಕೆ.

ಜನ ಚದುರಿದ ಮೇಲೆ ಮಾಸ್ಟ್ರು ಪೂವಪ್ಪನ ಪಕ್ಕಕ್ಕೆ ಸರಿದರು. ಅವರಿಗೆ ಉಳಿದದ್ದು ಒಂದೇ ಆಸೆ. "ಅಲ್ಲ ಪೂವಪ್ಪ, ಆ ದಿನವೂ ಇಳಿತದ ಹೊತ್ತಿಗೇ ಹೊರಡುವ, ಆಗದಾ?"

"ಆಗದೆ ಎಂತ? ಹೊರಡುವ" ಎಂದ ಪೂವಪ್ಪ, ಕೆಸರಾದ ಕಾಲು ತೊಳೆಯುತ್ತ. "ಇವತ್ತಿನ ಹಾಗೆ ಕಾಯುವುದು ಬೇಡ ಅಂತ ದೋಣಿಯನ್ನು ಹಿಂದಿನ ದಿನವೇ ಹೊಳೆ ಕಡಲು ಸೇರುವ ಅಳಿವೆಯ ಹೊರಗೆ ಕೊಂಡುಹೋಗಿ ಕಟ್ಟುತ್ತೇನೆ. ಕಡಲಲ್ಲಿ ಇಳಿತಕ್ಕೂ ಎರಡು ತೆಂಗಿನಮರದಷ್ಟು ನೀರು ಉಂಟು ಮಾಸ್ಟ್ರೇ."